ಅವ್ವ ಅನ್ನೋ ಸನ್ನೆ

ಮಗಳನ್ನು ಕಿವುಡ ಮಕ್ಕಳ ಶಾಲೆಗೆ ಸೇರಿಸಿ ಒಂದು ತಿಂಗಳಾಗಿತ್ತು. ಏಳು ವರ್ಷ ತುಂಬಿದರೂ ಅವಳು ನನ್ನನ್ನು ಒಮ್ಮೆಯೂ 'ಅವ್ವಾ' ಎಂದು ಕರೆದಿರಲಿಲ್ಲ. ಶಾಲೆಗೆ ಹೋದ ಕೂಡಲೇ ನಾನು ಕೇಳಿದ್ದೂ ಅದನ್ನೇ.

"ಮಾತು ಬಂತೇನ್ರಿ ಟೀಚರ್?"

"ಮಾತು ಬಾಯಾಗಷ್ಟ ಹುಟ್ಟತೈತೇನ್ರಿ? ಕೈಯಾಗೂ ಹುಟ್ಟತೈತಿ. ಯಾರೂ ಕಲಿಸಿಲ್ಲ, ಮನೀ ಮಂದಿಗೆಲ್ಲಾ ಆಕೀನ ಒಂದೊಂದ ಹೆಸರ ಇಟ್ಟಾಳ, ನೋಡ್ರಿಲ್ಲೆ!"

ಟೀಚರ್ ನನ್ನ ಗಂಡನ ಫೋಟೊ ತೋರಿಸಿದರು. ಮಗಳು ಇಲ್ಲದ ಮೀಸೆಯನ್ನು ತಿರುವಿದಳು. ಅತ್ತೆಯ ಫೋಟೊ ಬಂದಾಗ ಎಲೆಅಡಿಕೆ ತುಂಬಿಕೊಂಡವಳಂತೆ ಒಂದು ಕೆನ್ನೆ ಉಬ್ಬಿಸಿದಳು. ನನಗೆ ನಗು ತಡೆಯಲಾಗಲಿಲ್ಲ.

"ಮತ್ತ ನಾನು?"

ಮಗಳು ಎಡಗೈ ಚಾಚಿ, ಬಲಗೈಯಿಂದ ಅದರ ಮೇಲೆ ಪಟಪಟನೆ ಬಡಿದಳು.

"ರೊಟ್ಟಿ ಬಡಿಯೂದು! ಭಾಳ ಚಲೋ ಬಡೀತೀರಿ ಕಾಣ್ತೈತಿ," ಟೀಚರ್ ನಕ್ಕರು.

"ಹೂನ್ರಿ, ದಿನಾ ಬಡೀತೀನಿ," ಎಂದೆ.

ನಮ್ಮ ಮನೆಯಲ್ಲಿ ರೊಟ್ಟಿ ಬಡಿಯುವವರು ಅತ್ತೆ. ಮಗಳು ಸನ್ನೆ ಮಾಡಿದಾಗಲೆಲ್ಲ 'ಬಾಯಿಬಿಟ್ಟ ಹೇಳ' ಎಂದು ನಾನು ಬಡಿದದ್ದು ಅವಳ ಕೈಗೇ.