ಹಿಂಗಾಳಿಗೆ ಬೆನ್ನು

ಹಿಂಗಾಳಿಯ ಗಂಟೆ ಹೊಡೆದಾಗ ಬಡಗಿ ನಾಳೆಯಪ್ಪ, ಹುಟ್ಟಿದಾಗಿನಿಂದ ಮೊದಲ ಬಾರಿಗೆ ಒಂದು ಕೆಲಸವನ್ನು ಹೇಳಿದ ದಿನಕ್ಕೆ ಮುಗಿಸಿ ಕೈ ಒರೆಸಿಕೊಳ್ಳುತ್ತಿದ್ದ. ಎದುರಿಗೆ ಮಗಳ ಮಗುವಿಗೆಂದು ಮಾಡಿದ ನಾಲ್ಕು ಕಾಲಿನ ತೊಟ್ಟಿಲು. ಅವಳು ಬಂದು ಒಯ್ಯುವುದಷ್ಟೇ ಬಾಕಿ. ಬೀದಿಯುದ್ದಕ್ಕೂ ದಡದಡ ಬಾಗಿಲು ಮುಚ್ಚುವ ಸದ್ದು ಕೇಳಿತು. ಈ ಗಾಳಿ ತಾಗಿದ್ದೆಲ್ಲ ಒಂದು ವಾರ ಹಿಂದಕ್ಕೆ ಹೋಗುತ್ತದೆ. ಹೊಲಿದ ಅಂಗಿ ಮತ್ತೆ ಬಟ್ಟೆಯ ತುಂಡಾಗುತ್ತದೆ, ಬಳಿದ ಗೋಡೆ ಬಣ್ಣ ಬಿಡುತ್ತದೆ. ಮನುಷ್ಯನಿಗೆ ತಾಗಿದರೆ ಆ ವಾರ ಕಂಡದ್ದು, ಮಾಡಿದ್ದು ಒಂದೂ ತಲೆಯಲ್ಲಿ ಉಳಿಯುವುದಿಲ್ಲ. ಅಡ್ಡ ಏನಾದರೂ ಸಿಕ್ಕಿದರೆ ಮಾತ್ರ ಅದನ್ನು ತಾಗಿ ಅಲ್ಲಿಗೇ ಸುಮ್ಮನಾಗುತ್ತದೆ.

ನಾಳೆಯಪ್ಪ ಎಂಬ ಹೆಸರಿಟ್ಟದ್ದು ಬೀದಿಯವರು. ಕೇಳಿದವರಿಗೆಲ್ಲ ‘ನಾಳೆ ಕೊಡ್ತೀನಿ’ ಎನ್ನುವುದು, ಮಾರನೆಯ ದಿನ ಬಂದವರಿಗೆ ‘ಆಗಿತ್ತು, ಹಿಂಗಾಳಿ ಬಂದು ಎಲ್ಲ ಹಾಳಾಯ್ತು’ ಎನ್ನುವುದು. ಎಲೆಯೂ ಅಲುಗದ ತಿಂಗಳಲ್ಲೂ ಇದೇ ಮಾತು. ಹಾಗೂ ಹೀಗೂ ಮಾಡಿಕೊಟ್ಟ ಸ್ಟೂಲು ಕುರ್ಚಿಗಳಿಗಾದರೂ ಎಡಗಡೆಯ ಹಿಂದಿನ ಕಾಲು ಚೂರು ಗಿಡ್ಡ. ಊರಿನ ಅರ್ಧ ಜನ ತೂಗಾಡಿಕೊಂಡೇ ಊಟ ಮಾಡುತ್ತಿದ್ದರು. ‘ಉಳಿದ ಮೂರು ಕಾಲು ಸರಿಯಾಗಿದ್ಯಲ್ಲ, ಅದನ್ನ ಯಾರೂ ಹೊಗಳಲ್ಲ’ ಎಂದು ಅವನೇ ನಗುತ್ತಿದ್ದ.

ಮಗಳು ಮಾತ್ರ ಹೋದ ತಿಂಗಳು ನಕ್ಕಿರಲಿಲ್ಲ. “ನಾನು ಹುಟ್ಟಿದಾಗಲೂ ತೊಟ್ಟಿಲು ನಾಳೆ ಅಂದಿದ್ದೆಯಂತೆ. ಮರದ ಹೊಟ್ಟು ತುಂಬೋ ಪೆಟ್ಟಿಗೇಲಿ ಮಲಗಿ ಬೆಳೆದೆ. ನನ್ನ ಮಗೂಗೂ ಹಾಗೇ ಮಾಡಿದ್ರೆ ಇನ್ಮೇಲೆ ನಿನ್ನ ಏನೂ ಕೇಳಲ್ಲಪ್ಪ,” ಎಂದಿದ್ದಳು. ಬೈದಿದ್ದರೆ ಅವನು ಒಂದು ಕಿವಿಯಲ್ಲಿ ಕೇಳಿ ಇನ್ನೊಂದರಲ್ಲಿ ಬಿಡುತ್ತಿದ್ದ. ಅವಳು ಮೆತ್ತಗೆ ಹೇಳಿದ್ದಳು, ಅದು ನಾಟಿತ್ತು. ಮೂರು ವಾರ ಹಲಗೆಗಳನ್ನು ಗೋಡೆಗೆ ಒರಗಿಸಿ ನೋಡುತ್ತ ಕೂತ. ನಾಲ್ಕನೆಯ ವಾರ ಊಟ ನಿದ್ದೆ ಬಿಟ್ಟು ಮಾಡಿ ಮುಗಿಸಿದ.

ಈಗ ಕಿಟಕಿ ಮುಚ್ಚಲು ಓಡಿದ. ಮುಚ್ಚುವುದಕ್ಕೆ ಕಿಟಕಿಗೆ ಬಾಗಿಲೇ ಇರಲಿಲ್ಲ. ಹೆಂಡತಿ ಬದುಕಿದ್ದಾಗಿನಿಂದ ಅದೂ ನಾಳೆಯ ಕೆಲಸವೇ ಆಗಿತ್ತು. “ಭೇಷ್ ಕಣಯ್ಯ, ಬಡಗಿ ಅಂದ್ರೆ ನೀನು,” ಎಂದು ತನಗೆ ತಾನೇ ಹೇಳಿಕೊಂಡ. ಹೊದಿಸಲು ಗೋಣಿಚೀಲ ಹುಡುಕುವಷ್ಟರಲ್ಲಿ ತಣ್ಣನೆಯ ಗಾಳಿ ಒಳಗೆ ಬಂದೇಬಿಟ್ಟಿತು. ಮೊನ್ನೆ ನಿಂತುಹೋಗಿದ್ದ ಗೋಡೆ ಗಡಿಯಾರ ತಾನಾಗಿ ಟಿಕ್ ಟಿಕ್ ಎನ್ನತೊಡಗಿತು. ನಾಳೆಯಪ್ಪ ತೊಟ್ಟಿಲನ್ನು ಮೂಲೆಗೆ ದಬ್ಬಿ, ಅದರ ಮೇಲೆ ಬಗ್ಗಿ, ಎರಡೂ ಕೈಯಿಂದ ತಬ್ಬಿ, ಗಾಳಿಗೆ ಬೆನ್ನು ಕೊಟ್ಟ. ಎಲ್ಲ ಮರೆತುಹೋಗುತ್ತದೆ ಎಂದು ಅವನಿಗೆ ಗೊತ್ತಿತ್ತು. ಇಷ್ಟು ವರ್ಷದಲ್ಲಿ ಸರಿಯಾಗಿ ಮಾಡಿದ್ದು ಇದೊಂದೇ, ಮರೆಯುವುದೂ ಇದನ್ನೇ ಎಂದುಕೊಂಡ. ಆದರೂ ಕದಲಲಿಲ್ಲ.

ಗಾಳಿ ನಿಂತಿತು. ಬೆಳಿಗ್ಗೆ ನುಣ್ಣಗೆ ಬೋಳಿಸಿದ್ದ ಕೆನ್ನೆಯ ಮೇಲೆ ಹೋದ ವಾರದ ಗಡ್ಡ ಬಂದು ಕೂತಿತ್ತು. ನಾಳೆಯಪ್ಪ ತಲೆಯೆತ್ತಿ ನೋಡಿದರೆ, ತಾನು ಯಾರದೋ ತೊಟ್ಟಿಲನ್ನು ತಬ್ಬಿಕೊಂಡಿದ್ದಾನೆ. ಗೋಡೆಗೆ ಒರಗಿಸಿದ್ದ ಹಲಗೆಗಳು ಕಾಣುತ್ತಿಲ್ಲ. ಬಾಗಿಲಲ್ಲಿ ಮಗಳು ಮಗುವನ್ನು ಎತ್ತಿಕೊಂಡು ನಿಂತಿದ್ದಾಳೆ. ಎದೆ ಧಸಕ್ಕೆಂದಿತು. ನಾಲಿಗೆ ಮಾತ್ರ ಹೆದರದೆ ತನ್ನ ಕೆಲಸ ಶುರುಮಾಡಿತು.

“ಆಗಿತ್ತಮ್ಮಾ, ಪೂರ್ತಿ ಆಗಿತ್ತು. ಅಷ್ಟರಲ್ಲಿ ಹಿಂಗಾಳಿ ಬಂದು...”

“ಮತ್ತೆ ನೀನು ತಬ್ಕೊಂಡಿರೋದು ಏನಪ್ಪ?”

“ಇದಾ? ಇದು ಯಾರದೋ. ನಿನ್ನ ಹಲಗೆ ಕದ್ದೋನು ಪಾಪ ಅನ್ನಿಸಿ ಇಟ್ಟು ಹೋಗಿರ್ಬೇಕು.”

ಮಗಳು ಬಾಗಿಲಿಲ್ಲದ ಕಿಟಕಿಯನ್ನು ನೋಡಿದಳು, ಅವನ ಗಡ್ಡವನ್ನು ನೋಡಿದಳು. “ಅಪ್ಪ, ಇದನ್ನ ಮಾಡಿರೋನು ನೀನೇ. ಇದಕ್ಕೆ ಅಡ್ಡ ನಿಂತಿದ್ದೀಯ, ಗಾಳಿ ನಿನಗೆ ತಾಗಿದೆ.”

“ನಾನಾ? ಹೇಳಿದ ದಿನಕ್ಕಾ?” ಅವನು ನಕ್ಕುಬಿಟ್ಟ. “ನಿಮ್ಮಪ್ಪನ್ನ ನೀನು ನಂಬಬಹುದು ಕಣಮ್ಮಾ. ನಾನು ನಂಬಲ್ಲ. ನನಗೆ ಅವನು ಚೆನ್ನಾಗಿ ಗೊತ್ತು.”

ಅವಳು ತೊಟ್ಟಿಲನ್ನು ಮೂಲೆಯಿಂದ ಈಚೆಗೆಳೆದು ಮಗುವನ್ನು ಮಲಗಿಸಿದಳು. ಮಗು ಒಮ್ಮೆ ಕಾಲು ಝಾಡಿಸಿತು. ಯಾರೂ ಮುಟ್ಟದೆಯೇ ತೊಟ್ಟಿಲು ತೂಗತೊಡಗಿತು, ಟಕ್, ಟಕ್. ಆ ಸದ್ದು ಕೇಳಿ ನಾಳೆಯಪ್ಪನ ನಗು ನಿಂತಿತು. ನೆಲಕ್ಕೆ ಕುಕ್ಕರಿಸಿ ಎಡಗಡೆಯ ಹಿಂದಿನ ಕಾಲಿನ ಕೆಳಗೆ ಬೆರಳಾಡಿಸಿದ. ಆ ಸಂದು ಅವನಿಗೆ ತನ್ನ ಮುಖಕ್ಕಿಂತ ಹೆಚ್ಚು ಪರಿಚಯದ್ದು. ಊರಲ್ಲಿ ಬೇರೆ ಯಾವ ಬಡಗಿಯೂ ಹೀಗೆ ಕೆಡಿಸಲಾರ.

“ನಂದೇ,” ಎಂದ. ಸಂತೋಷಕ್ಕೆ ಏನು ಹೇಳಬೇಕೆಂದು ತಿಳಿಯದೆ, ಬಾಯಿಗೆ ಅಭ್ಯಾಸವಾದದ್ದನ್ನೇ ಹೇಳಿದ. “ಆ ಕಾಲೊಂದು ಗಿಡ್ಡ ಆಗಿದೆಯಮ್ಮಾ. ನಾಳೆ ಸರಿ ಮಾಡ್ಕೊಡ್ತೀನಿ.”

ಮಗು ಆ ತೂಗಾಟಕ್ಕೇ ನಿದ್ದೆ ಹೋಗಿತ್ತು. ಮಗಳು ಕಣ್ಣೊರೆಸಿಕೊಂಡು, ಮೆಲ್ಲಗೆ ಮಾತಾಡು ಎಂಬಂತೆ ತುಟಿಯ ಮೇಲೆ ಬೆರಳಿಟ್ಟಳು.

“ಹೂಂ ಅಪ್ಪ. ಅದನ್ನ ಮಾತ್ರ ನಾಳೇನೇ ಮಾಡು.”