ನಾಲ್ಕನೆಯ ಕಾಜಾ

ಆರು ಟೇಕ್ ಆದರೂ ಭವ್ಯಳ ಕೈಯಲ್ಲಿ ಸೂಜಿ ನಿಲ್ಲಲಿಲ್ಲ. ಸೀರಿಯಲ್ಲಿನ ನಾಯಕಿ ಹಂಸ ಅಂಗಿಗಳ ಗುಂಡಿತೂತಿಗೆ ಕಾಜಾ ಹೊಲಿದು ತಮ್ಮನನ್ನು ಓದಿಸುವವಳು. ಹಂಸಳ ಪಾತ್ರ ಮಾಡುತ್ತಿದ್ದ ಭವ್ಯಳಿಗೆ ಸೂಜಿಗೆ ದಾರ ಪೋಣಿಸಲೂ ಬಾರದು. ನಿರ್ದೇಶಕ ಗಯಾಜ್ ಮಾನಿಟರಿನ ಮುಂದೆ ಕೂತು "ಕಟ್" ಎನ್ನುವಷ್ಟರಲ್ಲಿ ಕಗ್ಗದಾಸಪುರದ ಆ ಶೂಟಿಂಗ್ ಮನೆಯ ಗೇಟಿನ ಬಳಿ ಆಟೋ ಬಂದು ನಿಂತಿತು. ಇಳಿದವಳು ಅವನ ಅಕ್ಕ ಆತಿಕಾ.

ಶೂಟಿಂಗ್ ಶುರುವಾದಾಗ ಬಾ ಎಂದು ಕರೆದವನು ಅವನೇ. ಆದರೆ ಅದು ವರ್ಷದ ಹಿಂದಿನ ಮಾತು.

ಅವನಿಗೆ ಏಳು ವರ್ಷವಿದ್ದಾಗ ಅಮ್ಮ ತೀರಿಕೊಂಡಳು. ಹದಿನಾರರ ಆತಿಕಾ ಶಿವಾಜಿನಗರದ ಟೈಲರ್ ಅಂಗಡಿಗಳಿಂದ ಅಂಗಿ ತಂದು, ಬಾಗಿಲ ಬೆಳಕಿಗೆ ಕೂತು ಕಾಜಾ ಹೊಲಿದು, ಬಂದ ಮೂರು ಸಂಬಂಧಗಳನ್ನೂ ಒಲ್ಲೆನೆಂದು, ತಮ್ಮನನ್ನು ಕಾಲೇಜು ಮೆಟ್ಟಿಲು ಹತ್ತಿಸಿದಳು. ಆ ತಮ್ಮ ಇಪ್ಪತ್ತೆರಡು ವರ್ಷಗಳಲ್ಲಿ ಆರು ಸೀರಿಯಲ್ ಮಾಡಿದ; ಕೊನೆಯ ಎರಡಕ್ಕೆ ನಿರ್ಮಾಪಕನೂ ಅವನೇ. ಆರತಿ ತಟ್ಟೆಯಲ್ಲಿ ಏನೇನಿರಬೇಕು, ಸೊಸೆ ಯಾವ ಕಾಲಿಟ್ಟು ಒಳಗೆ ಬರಬೇಕು ಎಂದು ಹಿರಿಯ ನಟಿಯರೂ ಅವನನ್ನೇ ಕೇಳುತ್ತಿದ್ದರು. ಅಷ್ಟು ಸಾವಿರ ಎಪಿಸೋಡುಗಳಲ್ಲಿ ಅವನ ಬೀದಿಯವರು ಒಬ್ಬರೂ ಇರಲಿಲ್ಲ. "ನಿನ್ನ ಕಥೆ ಮಾಡ್ತೀನಿ ಆಪಾ, ನಿನ್ನ ಹೆಸರಲ್ಲೇ," ಎನ್ನುತ್ತಿದ್ದ. ಅವಳು ನಕ್ಕುಬಿಡುತ್ತಿದ್ದಳು. ಆದರೆ ನಂಬಿದ್ದಳು.

ಚಾನೆಲ್ ಕೊನೆಗೂ ಒಪ್ಪಿತು. "ಕಥೆ ಸೂಪರ್ ಸರ್," ಎಂದಿದ್ದ ಚಾನೆಲ್ಲಿನ ಕೆಂಪರಾಜ್. "ಆದ್ರೆ ಶಿವಾಜಿನಗರ ಬೇಡ. ಕೆ.ಆರ್.ಪುರದ ಕಡೆ ಜಮೀನು ಕಳ್ಕೊಂಡ ಮನೆತನ ಅಂತ ಮಾಡೋಣ. ಹುಡುಗಿ ಹೆಸರು ಹಂಸ. ಏಳೂವರೆಗೆ ಟೀವಿ ಮುಂದೆ ಯಾರು ಕೂತಿರ್ತಾರೆ ಅಂತ ನಿಮಗೆ ನಾನು ಹೇಳ್ಬೇಕಾ?" ಗಯಾಜ್ ಹದಿನೆಂಟು ತಿಂಗಳಿಂದ ಖಾಲಿ ಕೂತಿದ್ದ, ಅವನನ್ನು ನಂಬಿದ ಐವತ್ತು ಜನರ ಯೂನಿಟ್ಟೂ ಖಾಲಿ ಕೂತಿತ್ತು. ತಲೆಯಾಡಿಸಿದ. ಅಕ್ಕನಿಗೆ ಮಾತ್ರ ಹೇಳಲಿಲ್ಲ.

ಆತಿಕಾ ಅವನ ಪಕ್ಕದ ಕುರ್ಚಿಯಲ್ಲಿ ಕೂತು ಅಂಗಳದ ತುಳಸಿಕಟ್ಟೆ ನೋಡಿದಳು, ಗೋಡೆಯ ಮೇಲಿನ ದೇವರ ಪಟ ನೋಡಿದಳು. ಯಾರೋ "ಹಂಸ ರೆಡಿ ಸರ್" ಎಂದು ಕೂಗಿದರು.

"ಅವಳೇನಾ ನಾನು?" ಎಂದು ಮನೆಮಾತಿನಲ್ಲಿ ಮೆಲ್ಲಗೆ ಕೇಳಿದಳು.

"ನಿಂದೇ ಕಥೆ ಆಪಾ. ಹೆಸರೊಂದು..."

ಅವಳು ಭವ್ಯಳ ಕೈಯನ್ನೇ ನೋಡಿದಳು. ಆಮೇಲೆ, "ಹುಡುಗಿ ಲಕ್ಷಣವಾಗಿದ್ದಾಳೆ. ಸೂಜಿ ಹಿಡಿದಿರೋದು ಮಾತ್ರ ತಪ್ಪು," ಎಂದಳು.

ಏಳನೆಯ ಟೇಕೂ ಕೆಟ್ಟಾಗ ಆತಿಕಾಗೆ ತಡೆಯಲಾಗಲಿಲ್ಲ. ಎದ್ದು ಹೋಗಿ ಭವ್ಯಳ ಪಕ್ಕ ಕೂತಳು. "ಹಂಗಲ್ಲ ಬೇಟಾ. ಬಟ್ಟೆ ಬೆರಳಿನ ಮೇಲೆ ಬಿಗಿ ಇಟ್ಕೋ. ದಾರ ಸೂಜಿಗೆ ಸುತ್ತಿ ಎಳಿ, ಹಿಂಗೆ." ಮಾನಿಟರಿನಲ್ಲಿ ಆ ಕೈ ಕಂಡದ್ದೇ ಗಯಾಜ್ ಎದ್ದು ನಿಂತ. ಹೆಸರು ಹೋಯಿತು, ಬೀದಿ ಹೋಯಿತು, ಕೈಯಾದರೂ ಇರಲಿ.

"ಮುನೀಂದ್ರಾ, ನಮ್ಮಕ್ಕನ ಕೈ ಕ್ಲೋಸಪ್ ತಗೊಳ್ಳೋಣ. ಭವ್ಯಳ ಮುಖ ಬೇರೆ ತಗೊಂಡ್ರಾಯ್ತು."

ಸಹನಿರ್ದೇಶಕ ಮುನೀಂದ್ರ ಭವ್ಯಳ ಕೈಯಲ್ಲಿದ್ದಂಥದ್ದೇ ಹಸಿರು ಗಾಜಿನ ಬಳೆ ತರಿಸಿದ. ಬಳೆ ಆತಿಕಾಳ ಗೆಣ್ಣು ದಾಟಲಿಲ್ಲ. ಸೋಪು ಹಚ್ಚಿ ತೊಡಿಸಿದರು. ಕ್ಯಾಮೆರಾ ಓಡಿತು. ಅಂಗಿಯಲ್ಲಿ ಮೂರು ಕಾಜಾ ಆಗಲೇ ಇದ್ದವು. ಆತಿಕಾ ನಾಲ್ಕನೆಯದಕ್ಕೆ ಸೂಜಿ ಹಾಕಿದಳು. ಮನೆಯಿಡೀ ಗಪ್‌ಚಿಪ್. ದಾರ ಒಂದರ ಪಕ್ಕ ಒಂದು ಒತ್ತಿಕೊಂಡು ಕೂರುತ್ತಾ ಹೋಯಿತು. ಕಟ್ ಹೇಳುವುದನ್ನೂ ಮರೆತು ಗಯಾಜ್ ಕೂತಿದ್ದ.

"ಸರ್," ಎಂದ ಶೂಟಿಂಗ್ ನೋಡಲು ಬಂದು ಹಿಂದೆ ನಿಂತಿದ್ದ ಕೆಂಪರಾಜ್, "ಕೈ ತುಂಬಾ ವಯಸ್ಸಾಗಿದೆ. ಹಂಸಗೆ ಇಪ್ಪತ್ತೆರಡು ಅಲ್ವಾ?"

ಇಪ್ಪತ್ತೆರಡಕ್ಕೇ ಈ ಕೈ ಹೀಗಿತ್ತು ಕಣಯ್ಯಾ, ಎಂದು ಹೇಳಬೇಕಿತ್ತು. ಗಯಾಜ್ ಬಾಯಿ ತೆರೆದ. ಬೆಳಕು ಹಿಡಿದವರು, ಮೈಕು ಹಿಡಿದವರು, ಎಲ್ಲರ ಕಣ್ಣೂ ತನ್ನ ಮೇಲಿತ್ತು.

"ಸರಿ," ಎಂದ. "ಬೇರೆ ಯಾರದಾದ್ರೂ ಕೈ ನೋಡಿ."

ಮೇಕಪ್ಪಿನ ಹುಡುಗಿಯ ಕೈ ಆಯ್ಕೆಯಾಯಿತು. ಆತಿಕಾ ತಾನೇ ಸೋಪು ಕೇಳಿ ಪಡೆದು ಬಳೆಗಳನ್ನು ಒಂದೊಂದಾಗಿ ಇಳಿಸಿದಳು, ಒಂದೂ ಒಡೆಯದಂತೆ. ಗಯಾಜ್ ಮಾನಿಟರಿನಿಂದ ಮುಖ ಎತ್ತಲಿಲ್ಲ.

ಮುನೀಂದ್ರ ಅಂಗಿ ಹಿಡಿದು ಬಂದ. "ಸರ್, ಅಂಗಿ ಇರೋದು ಒಂದೇ. ಇವರು ನಾಲ್ಕನೇ ಕಾಜಾ ಪೂರ್ತಿ ಹೊಲಿದ್ಬಿಟ್ಟಿದ್ದಾರೆ. ಮತ್ತೆ ಶಾಟ್ ತಗೀಬೇಕಂದ್ರೆ ಇದನ್ನ ಬಿಚ್ಬೇಕು. ಬಿಚ್ಲಾ?"

ಆತಿಕಾ ಎರಡು ಹೆಜ್ಜೆ ದೂರದಲ್ಲಿ ನಿಂತು ಸೆರಗಿಗೆ ಕೈ ಒರೆಸುತ್ತಿದ್ದಳು.

"ಬಿಚ್ಚು," ಎಂದ ಗಯಾಜ್.

ಮುನೀಂದ್ರ ಕತ್ತರಿ ತುದಿ ತೂರಿಸಲು ನೋಡಿದ. ಹೊಲಿಗೆ ಬಿಗಿಯಾಗಿತ್ತು, ತುದಿ ಒಳಗೆ ಹೋಗಲಿಲ್ಲ. ಜಗ್ಗಿದ.

"ಕೊಡಪ್ಪಾ ಇಲ್ಲಿ," ಎಂದು ಆತಿಕಾ ಕೈ ಚಾಚಿದಳು. "ನೀನು ಬಟ್ಟೆ ಹರೀತೀಯಾ." ಅಂಗಿಯನ್ನು ಮಡಿಲಿಗೆ ಹಾಕಿಕೊಂಡು ನೆಲದ ಮೇಲೆ ಕೂತು, ಕನ್ನಡಕವನ್ನು ಮೂಗಿನ ತುದಿಗೆ ಇಳಿಸಿ, ತನ್ನ ಹೊಲಿಗೆಯನ್ನು ತಾನೇ ಒಂದೊಂದಾಗಿ ಬಿಚ್ಚತೊಡಗಿದಳು.