ಪೆಡಿಯೋಸ್ ನದಿಯ ಆ ದಡ

"ಇದನ್ನು ನೀನು ಹಾಕಿಕೋ," ಎಂದು ಆಂದ್ರೂಲಾ ಕಪ್ಪು ಉಣ್ಣೆಯ ಕೋಟನ್ನು ರಘುರಾಮನ ಕೈಗಿಟ್ಟಳು. ರಘುರಾಮ, ಸ್ವರ್ಣಲತಾ ಇಬ್ಬರೂ ಬೆಚ್ಚಿದರು. ಲಂಡನ್ನಿನ ಎಜ್‌ವೇರ್‌ನಲ್ಲಿ ಅವಳ ಪಕ್ಕದ ಮನೆಯಲ್ಲೇ ಇದ್ದ ಈ ಗಂಡ ಹೆಂಡತಿಗೆ ಆ ಕೋಟು ಯಾರದೆಂದು ಗೊತ್ತಿತ್ತು. ಸೈಪ್ರಸ್‌ನಿಂದ ಲಂಡನ್ನಿಗೆ ಓಡಿಬಂದ ಮೊದಲ ಚಳಿಗಾಲದಲ್ಲಿ, ಗಂಡ ಬಂದರೆ ಬೇಕಾದೀತೆಂದು ಆಕೆ ಕೊಂಡಿಟ್ಟದ್ದು ಅದು.

ತುರ್ಕಿ ಸೇನೆ ನುಗ್ಗಿದ ೧೯೭೪ರ ಯುದ್ಧದಲ್ಲಿ ಆಕೆಯ ಗಂಡ ಯಾನ್ನಿಸ್ ಅವಳನ್ನು ಒಣಗಿದ ಪೆಡಿಯೋಸ್ ನದಿ ದಾಟಿಸಿ, ಆಡುಗಳನ್ನು ಬಿಚ್ಚಿ ಬರುತ್ತೇನೆಂದು ಹಿಂದಿರುಗಿದ್ದ. ಆಮೇಲೆ ದ್ವೀಪವೇ ಎರಡಾಗಿ, ಅವರ ಊರು ಗಡಿಯ ಆಚೆ ತುರ್ಕಿಯರ ಕಡೆ ಉಳಿಯಿತು. ೨೦೦೩ರಲ್ಲಿ ಗಡಿ ತೆರೆದಾಗ ಸ್ವರ್ಣಲತಾಳೇ ಒತ್ತಾಯಿಸಿ ಆಂದ್ರೂಲಾಳನ್ನು ಊರಿಗೆ ಕಳಿಸಿದ್ದಳು. ಆಕೆ ನಿನ್ನೆಯಷ್ಟೇ ಮರಳಿದ್ದಳು.

"ಏನಾದರೂ ತಿಳಿಯಿತಾ?" ಸ್ವರ್ಣಲತಾ ಅಳುಕುತ್ತ ಕೇಳಿದಳು.

"ಈಗ ಅಲ್ಲಿರುವ ಮುದುಕನೊಬ್ಬ ಹೇಳಿದ. ಅವನನ್ನು ನದಿಯ ಮರಳಲ್ಲೇ ಹೂತಿದ್ದರಂತೆ. ಬೆಟ್ಟದಲ್ಲಿ ಮಳೆಯಾದರೆ ಮಾತ್ರ ಹರಿಯುವ ನದಿ ಅದು. ಆ ಚಳಿಗಾಲದಲ್ಲಿ ತುಂಬಿ ಬಂದು ಎಲ್ಲವನ್ನೂ ಸಮುದ್ರಕ್ಕೆ ಕೊಚ್ಚಿಕೊಂಡು ಹೋಯಿತಂತೆ. ಒಂದು ಮೂಳೆಯೂ ಉಳಿದಿಲ್ಲ."

ರಘುರಾಮ ಕೋಟನ್ನು ಹಿಂದಿರುಗಿಸಲು ನೋಡಿದ. "ಬ್ಯಾಡ ಅನ್ಬೇಡಿ, ಹಾಕ್ಕಣಿ ಮಾರಾಯ್ರೆ," ಎಂದು ಹೆಂಡತಿ ಮೆಲ್ಲಗೆ ಗದರಿದಳು. ಅವನು ತೊಟ್ಟುಕೊಂಡ. ಆಂದ್ರೂಲಾ ತಾನೇ ಗುಂಡಿ ಹಾಕಲು ಹೋದಳು. ಹೊಟ್ಟೆಯ ಬಳಿ ಎಷ್ಟು ಎಳೆದರೂ ಕೂಡಲಿಲ್ಲ. ಇಷ್ಟು ವರ್ಷ ಗಂಡನ ಮಾತು ಬಂದಾಗಲೆಲ್ಲ ಇದ್ದಾನೆ, ಬರುತ್ತಾನೆ ಎಂದೇ ಹೇಳುತ್ತಿದ್ದವಳು ಗುಂಡಿಯಿಂದ ಕೈ ತೆಗೆದು, "ಅವನು ತೆಳ್ಳಗಿದ್ದ," ಎಂದಳು.